ಗೋಲು ಬಿಟ್ಟ ಗಂಗುಲಪ್ಪ

ನಮ್ಮ ಮನೆಯ ಕುಕ್ಕರ್ ಮೊದಲ ಸಲ ಕೂಗಿದಾಗ ನಾನು ಓದುತ್ತಿದ್ದ ಪೇಪರನ್ನು ಪಕ್ಕಕ್ಕಿಟ್ಟು ಎದ್ದು ನಿಲ್ಲುತ್ತೇನೆ. ಎರಡನೆಯ ಸಲ ಕೂಗಿದಾಗ ಕಿಟಕಿಯಿಂದ ದೂರ ಸರಿದು ಗೋಡೆಗೆ ಒರಗುತ್ತೇನೆ. ಮೂರನೆಯ ಕೂಗು ಮುಗಿದ ಮೇಲೆಯೇ ಮತ್ತೆ ಕುರ್ಚಿ, ಮತ್ತೆ ಪೇಪರು. ಬೇಳೆ ಬೇಯುವುದಕ್ಕೂ ಹೆದರುವ ಗಂಡಸನ್ನು ಚಿಕ್ಕಬಳ್ಳಾಪುರದಲ್ಲಿ ಬೇರೆಲ್ಲೂ ಕಂಡಿಲ್ಲವೆಂದು ನನ್ನ ಹೆಂಡತಿ ಬಂದವರ ಮುಂದೆಲ್ಲ ಹೇಳುತ್ತಾಳೆ. ಅವಳ ಮಾತು ಸುಳ್ಳಲ್ಲ, ಆದರೆ ಅವಳು ಕರಿಬಂಡೆಪಾಳ್ಯದಲ್ಲಿ ಕೆಲಸ ಮಾಡಿದವಳಲ್ಲ.

ಕರಿಬಂಡೆಪಾಳ್ಯ ನೀವು ಕೇಳಿರಲಾರದ ಊರು. ಚಿಕ್ಕಬಳ್ಳಾಪುರದಿಂದ ಗೌರಿಬಿದನೂರಿಗೆ ಹೋಗುವಾಗ ಎಡಕ್ಕೆ ತಿರುಗಿ, ಲಾರಿಗಳು ಎಬ್ಬಿಸಿದ ಧೂಳನ್ನೇ ಗುರುತು ಹಿಡಿದು ಹೋದರೆ ಸಿಗುತ್ತಿತ್ತು. ಕಲ್ಲು ಗಣಿ, ಜಲ್ಲಿ ಮಾಡುವ ಕ್ರಷರ್, ಕೆಲಸಗಾರರ ನಾಲ್ಕು ಸಾಲು ಮನೆ, ಒಂದು ಹೋಟೆಲು. ಸರ್ಕಾರದ ಬೋರ್ಡಿನಲ್ಲಿ ಅದು ಗಣಿ ಪ್ರದೇಶ, ನಮ್ಮ ಮಾಲೀಕರ ಭಾಷಣದಲ್ಲಿ ಗಣಿನಗರ. ನಾನಲ್ಲಿ ಹಾಜರಿ ಗುಮಾಸ್ತ. ಎಲ್ಲರೂ ನನ್ನನ್ನು 'ರೈಟ್ರು' ಎಂದು ಕರೆಯುತ್ತಿದ್ದರು, ಗಣಿಗಳಲ್ಲಿ ಹಾಜರಿ ಬರೆಯುವವನಿಗೆ ಇರುವ ಹೆಸರೇ ಅದು.

ಗಣಿಯಲ್ಲಿ ಮದ್ದು ಸಿಡಿಸುವ ಮುಂಚೆ ಮೇಸ್ತ್ರಿ ವಿಷಲ್ ಊದುತ್ತಿದ್ದ. ಉದ್ದಕ್ಕೆ ಒಂದು ಊದಿದರೆ ಕೈಯಲ್ಲಿರುವುದನ್ನು ಅಲ್ಲೇ ಬಿಟ್ಟು ಬಂಡೆಯ ಮರೆಗೆ ಓಡಬೇಕು. ಎರಡು ಊದಿದರೆ ಬತ್ತಿಗೆ ಬೆಂಕಿ ಬಿತ್ತೆಂದು ಅರ್ಥ. ಮೂರು ಊದಿದರೆ ಅಪಾಯ ಕಳೆಯಿತು, ಹೊರಗೆ ಬರಬಹುದು. ಈ ಮೂರು ಪಾಠ ಕಲಿಯದವನಿಗೆ ಅಲ್ಲಿ ನಾಲ್ಕನೆಯ ಪಾಠ ಕಲಿಯಲು ಅವಕಾಶವಿರಲಿಲ್ಲ. ತೊಟ್ಟಿಲ ಮಕ್ಕಳು ಕೂಡ ಉದ್ದ ವಿಷಲ್ ಕೇಳಿದರೆ ಅಳು ನಿಲ್ಲಿಸುತ್ತಿದ್ದವು.

ಇಂಥ ಊರಿನಲ್ಲಿ ಫುಟ್‌ಬಾಲ್ ಕ್ಲಬ್ ಕಟ್ಟಬೇಕೆಂಬ ಬುದ್ಧಿ ಮಾಲೀಕರಿಗೆ ಹೇಗೆ ಬಂತೋ ತಿಳಿಯದು. ಬೆಂಗಳೂರಿನಲ್ಲಿ ಯಾರದೋ ಮನೆಯ ಟೀವಿಯಲ್ಲಿ ಒಂದು ಪಂದ್ಯ ನೋಡಿ ಬಂದಿದ್ದರು, ಅಷ್ಟು ಗೊತ್ತು. ಕ್ರಿಕೆಟ್ಟಿಗೆ ಬ್ಯಾಟು, ಪ್ಯಾಡು, ಗ್ಲೌಸು ಎಂದು ನೂರೆಂಟು ಸಾಮಾನು, ಇದಕ್ಕಾದರೆ ಒಂದೇ ಚೆಂಡು ಎಂದು ಅವರು ಹೇಳಿದಾಗ ಕ್ರೀಡೆಯ ಬಗ್ಗೆ ಅವರಿಗಿದ್ದ ಆಳವಾದ ಪ್ರೀತಿ ನಮಗೆಲ್ಲ ಅರ್ಥವಾಯಿತು. ಮರುವಾರವೇ 'ಕರಿಬಂಡೆಪಾಳ್ಯ ಪ್ರೊಫೆಷನಲ್ ಫುಟ್‌ಬಾಲ್ ಕ್ಲಬ್' ಎಂಬ ಬೋರ್ಡು ಬಂತು. 'ಪ್ರೊಫೆಷನಲ್' ಎಂಬ ಪದವೇ ಅರ್ಧ ಬೋರ್ಡನ್ನು ನುಂಗಿದ್ದರಿಂದ 'ಕ್ಲಬ್' ಎಂಬುದನ್ನು ಪೇಂಟರು ಮೂಲೆಯಲ್ಲಿ ಇರುವೆ ಗಾತ್ರದಲ್ಲಿ ಬರೆದಿದ್ದ.

ಪ್ರೊಫೆಷನಲ್ ಎಂದರೇನೆಂದು ನಾನು ಕೇಳಿದೆ. ಆಟ ಆಡಿದ ದಿನ ಕಲ್ಲು ಒಡೆಯದಿದ್ದರೂ ಹಾಜರಿ ಬೀಳುತ್ತದೆ, ಅದೇ ಪ್ರೊಫೆಷನಲ್ ಎಂದರು. ಹಾಗಾಗಿ ನಾನು ಹಾಜರಿ ಪುಸ್ತಕದಲ್ಲಿ ಕೆಲಸಕ್ಕೆ ಬಂದವರಿಗೆ 'ಹಾ' ಎಂದೂ ಆಟ ಆಡಿದವರಿಗೆ 'ಫು' ಎಂದೂ ಬರೆಯತೊಡಗಿದೆ. ಒಮ್ಮೆ ತಪಾಸಣೆಗೆ ಬಂದ ಅಧಿಕಾರಿಯೊಬ್ಬರು ಹನ್ನೊಂದು ಜನರಿಗೆ ಒಟ್ಟಿಗೆ ಬಂದಿರುವ ಈ 'ಫು' ಯಾವ ಕಾಯಿಲೆ, ಅಂಟುವಂಥದ್ದೇ ಎಂದು ವಿಚಾರಿಸಿ, ಟೀ ಕುಡಿಯದೆ ಹೊರಟುಹೋದರು.

ಗೋಲಿನ ಕಂಬಗಳ ವಿಷಯ ಹೇಳಲೇಬೇಕು. ಲೋಕದಲ್ಲೆಲ್ಲ ಅವು ಮರದ್ದೋ ಕಬ್ಬಿಣದ್ದೋ ಇರುತ್ತವೆ. ನಮ್ಮವು ಕಲ್ಲಿನವು. ದ್ರಾಕ್ಷಿ ತೋಟಕ್ಕೆ ನೆಡುವ ಕಲ್ಲುಕಂಬಗಳನ್ನೇ ಇನ್ನಷ್ಟು ಎತ್ತರಕ್ಕೆ ಸೀಳಿಸಿ ನೆಟ್ಟು, ಮೇಲೆ ಕಲ್ಲಿನ ತೊಲೆ ಕೂರಿಸಿ ಸಿಮೆಂಟು ಮೆತ್ತಿದ್ದರು. ದೂರದಿಂದ ನೋಡಿದರೆ ದೇವಸ್ಥಾನವನ್ನು ಕಟ್ಟಲು ಶುರುಮಾಡಿ ಬಾಗಿಲಿಗೇ ನಿಲ್ಲಿಸಿದ ಹಾಗೆ ಕಾಣುತ್ತಿತ್ತು. ಚಿಂತಾಮಣಿಯ ಮಂಡಿ ಹಮಾಲರ ತಂಡ ಬಂದಾಗ ಅವರ ಕ್ಯಾಪ್ಟನ್ ಆಟಕ್ಕೆ ಮುಂಚೆ ನಮ್ಮ ಗೋಲಿನ ಮುಂದೆ ಚಪ್ಪಲಿ ಬಿಟ್ಟು ಕೈಮುಗಿದದ್ದನ್ನು ನಾನೇ ಕಂಡಿದ್ದೇನೆ.

ಆ ಕಲ್ಲುಬಾಗಿಲನ್ನು ಕಾಯುತ್ತಿದ್ದವನು ಗಂಗುಲಪ್ಪ. ಬಂಡೆಗೆ ಕುಳಿ ಕೊರೆಯುವ ಕೆಲಸದವನು. ದಿನವಿಡೀ ನಡುಗುವ ಯಂತ್ರವನ್ನು ಹಿಡಿದು ಹಿಡಿದು ಅವನ ಕೈ ಹೇಗಾಗಿತ್ತೆಂದರೆ, ಆ ಕೈಗೆ ಸಿಕ್ಕ ಚೆಂಡು ಬಿಡಿಸಿಕೊಳ್ಳುವ ಆಸೆ ಇಟ್ಟುಕೊಳ್ಳುವಂತಿರಲಿಲ್ಲ. ಮಾತು ಕಡಿಮೆ. ಆಡುವ ನಾಲ್ಕು ಮಾತಿನಲ್ಲಿ ಒಂದು ತೆಲುಗು.

ಮೊದಲ ಪಂದ್ಯ ಶಿಡ್ಲಘಟ್ಟದ ರೀಲರುಗಳ ತಂಡದ ಜೊತೆ. ರೇಷ್ಮೆ ನೂಲು ತೆಗೆಯುವ ಜನ, ಮೆತ್ತನೆಯ ಸ್ವಭಾವದವರು. ರೆಫರಿ ಮೈದಾನದ ನಡುವೆ ನಿಂತು ಆಟ ಶುರುವೆಂದು ಉದ್ದಕ್ಕೆ ಒಂದು ವಿಷಲ್ ಊದಿದರು. ಮರುಕ್ಷಣ ನಮ್ಮ ಹನ್ನೊಂದು ಜನವೂ ಬಂಡೆಯ ಹಿಂದಿದ್ದರು. ಅವರ ಹಿಂದೆ ಪ್ರೇಕ್ಷಕರು, ಪ್ರೇಕ್ಷಕರ ಹಿಂದೆ ಕಡಲೆಕಾಯಿ ಮಾರುವವಳು, ಎಲ್ಲರಿಗಿಂತ ಮುಂದೆ ನಾನು. ರೀಲರುಗಳು ಪಾಪ, ಪರವೂರಿನ ಪದ್ಧತಿ ಏನೋ ಎಂದು ಸ್ವಲ್ಪ ಹೊತ್ತು ಕಾದರು. ಆಮೇಲೆ ರೆಫರಿಯ ಒಪ್ಪಿಗೆ ಕೇಳಿ, ನಡೆದುಕೊಂಡೇ ಹೋಗಿ ಗೋಲು ಹೊಡೆದರು. ಗೋಲಾಯಿತೆಂದು ರೆಫರಿ ಮತ್ತೆ ಊದಿದರು. ಆಗಷ್ಟೇ ನಾಚಿಕೊಂಡು ಹೊರಬಂದಿದ್ದ ನಮ್ಮವರು ಮತ್ತೆ ಬಂಡೆಯ ಹಿಂದೆ. ಒಟ್ಟು ಎಷ್ಟು ಗೋಲಾಯಿತೆಂದು ಎಣಿಸಲು ನಮ್ಮ ಕಡೆಯವರು ಯಾರೂ ಮೈದಾನದಲ್ಲಿರಲಿಲ್ಲ.

ಮಾಲೀಕರು ಕೂಗಾಡಿದರು. ಇದು ಗಣಿಯ ವಿಷಲ್ ಅಲ್ಲ, ಆಟದ ವಿಷಲ್ ಎಂದು ಒಂದು ವಾರ ತರಬೇತಿ ಕೊಡಿಸಿದರು. ತಲೆಗೆ ಅರ್ಥವಾಯಿತು, ಕಾಲಿಗೆ ಆಗಲಿಲ್ಲ. ಕೊನೆಗೆ ಗಂಗುಲಪ್ಪನೇ ಒಂದು ದಾರಿ ಹೇಳಿದ. ಆಟಗಾರರನ್ನು ಬದಲಾಯಿಸುವ ಬದಲು ವಿಷಲನ್ನು ಬದಲಾಯಿಸಿದರೆ ಆಗದೇ ಎಂದು. ಅಂದಿನಿಂದ ಕರಿಬಂಡೆಪಾಳ್ಯಕ್ಕೆ ಬಂದ ರೆಫರಿಗಳೆಲ್ಲ ವಿಷಲನ್ನು ಆಫೀಸಿನಲ್ಲಿ ಒಪ್ಪಿಸಿ, ನಾವು ಕೊಡುವ ಮಂಗಳಾರತಿ ಗಂಟೆಯನ್ನು ಹಿಡಿದು ಮೈದಾನಕ್ಕೆ ಇಳಿಯಬೇಕಾಯಿತು. ಅವರು ಗಂಟೆ ಬಾರಿಸುತ್ತ ಚೆಂಡಿನ ಹಿಂದೆ ಓಡುತ್ತಿದ್ದರೆ ಮುದುಕಿಯರು ಕೂತಲ್ಲಿಂದಲೇ ಕೆನ್ನೆ ಬಡಿದುಕೊಳ್ಳುತ್ತಿದ್ದರು. ನಾವು ಗೆಲ್ಲತೊಡಗಿದೆವು.

ಪಂದ್ಯದ ದಿನ ಗಣಿಯಲ್ಲಿ ಮದ್ದು ಸಿಡಿಸುವಂತಿಲ್ಲ ಎಂಬುದು ಇನ್ನೊಂದು ನಿಯಮ. ಮೈದಾನಕ್ಕೂ ಗಣಿಗೂ ನಡುವೆ ಇದ್ದದ್ದು ಒಂದೇ ಗುಡ್ಡ. ಬೆಳಗ್ಗೆ ನಾನು ಒಂದು ಚೀಟಿ ಬರೆದು ಮೇಸ್ತ್ರಿಯ ಕೈಗೆ ಕೊಟ್ಟುಬರಬೇಕು, ಅವನು ಅಂದು ಮದ್ದು ಮುಟ್ಟುವುದಿಲ್ಲ. ಚೀಟಿ ಬರದಿದ್ದರೆ ಅವನಿಗೆ ಅದು ಮಾಮೂಲಿ ಕೆಲಸದ ದಿನ. ಅಷ್ಟೇ ನನ್ನ ಕೆಲಸ. ಆದರೆ ಆ ಹೊತ್ತಿಗೆ ನನಗೆ ಬೇರೊಂದು ಹುಚ್ಚು ಹಿಡಿದಿತ್ತು. ಕ್ಲಬ್ಬಿಗೆ ಮೈಕು ಬಂದಿತ್ತು, ಕಾಮೆಂಟರಿ ಹೇಳುವವನು ನಾನಾಗಿದ್ದೆ. ಹಿತ್ತಲಲ್ಲಿ ಬಕೀಟಿನೊಳಗೆ ಬಾಯಿಟ್ಟು ಅಭ್ಯಾಸ ಮಾಡುತ್ತಿದ್ದೆ, ಅದರಲ್ಲಿ ನನ್ನ ದನಿ ರೇಡಿಯೋದ ದನಿಯಂತೆಯೇ ಕೇಳುತ್ತಿತ್ತು.

ಹೀಗಿರುವಾಗ ಫೈನಲ್ ಬಂತು. ಎದುರಾಳಿ ಕುಡುಮಲಕುಂಟೆಯ ಕಾರ್ಖಾನೆಯೊಂದರ ತಂಡ. ಬೆಳಗ್ಗೆ ಚೀಟಿ ಬರೆದೆ. ಜೇಬಿಗೆ ಹಾಕಿಕೊಂಡೆ. ಸ್ವಾಗತ ಭಾಷಣಕ್ಕೆ ಒಳ್ಳೆಯ ಪದಗಳನ್ನು ಹುಡುಕುತ್ತ ಹುಡುಕುತ್ತ ಅದನ್ನು ಅಲ್ಲೇ ಮರೆತೆ.

ಆಟ ಮುಗಿಯಲು ಸ್ವಲ್ಪವೇ ಹೊತ್ತಿತ್ತು, ಯಾರದೂ ಗೋಲಾಗಿರಲಿಲ್ಲ. ಅವರ ಫಾರ್ವರ್ಡ್ ಒಬ್ಬ, ಉದ್ದನೆಯ ಹುಡುಗ, ಚೆಂಡನ್ನು ತಳ್ಳಿಕೊಂಡು ಒಬ್ಬನೇ ನಮ್ಮ ಗೋಲಿನ ಕಡೆ ಬರುತ್ತಿದ್ದ. ಆಗ ಗುಡ್ಡದ ಆಚೆಯಿಂದ ಉದ್ದಕ್ಕೆ ಒಂದು ವಿಷಲ್ ಕೇಳಿತು. ರೆಫರಿಯ ಕೈಯಲ್ಲಿ ಇದ್ದದ್ದು ಗಂಟೆ. ಆದ್ದರಿಂದ ಆ ವಿಷಲ್ ಏನೆಂದು ನಮ್ಮವರಲ್ಲಿ ಒಬ್ಬನಿಗೂ ಅನುಮಾನ ಉಳಿಯಲಿಲ್ಲ. ಹತ್ತು ಜನ ಬಂಡೆಯ ಕಡೆ ಓಡಿದರು. ಜನ ಓಡಿದರು. ಅವರನ್ನು ಕಂಡು ಎದುರಾಳಿಗಳೂ ಓಡಿದರು. ಗೆದ್ದವರಿಗೆಂದು ಕಪ್ಪು ಇಟ್ಟಿದ್ದ ಮೇಜಿನ ಕೆಳಗೆ ರೆಫರಿ ಹೋದರು. ಆ ಫಾರ್ವರ್ಡ್ ಮಾತ್ರ ಚೆಂಡಿನ ಮೇಲೆ ಕಣ್ಣಿಟ್ಟು ಬರುತ್ತಲೇ ಇದ್ದ. ಗಂಗುಲಪ್ಪ ಗೋಲು ಬಿಟ್ಟು ನೇರ ಅವನ ಕಡೆಗೆ ಓಡಿದ, ಚೆಂಡನ್ನು ಅವನು ನೋಡಲಿಲ್ಲ. ಹುಡುಗ ಒದ್ದ ಚೆಂಡು ಗೋಲಿನೊಳಕ್ಕೆ ಹೋಯಿತು, ಗಂಗುಲಪ್ಪ ಅವನ ಸೊಂಟ ಹಿಡಿದು ಎತ್ತಿಕೊಂಡು ಹೋಗಿ ಮೈದಾನದ ಅಂಚಿನಲ್ಲಿ ನಿಂತಿದ್ದ ಲಾರಿಯ ಕೆಳಗೆ ತಳ್ಳಿ ತಾನೂ ಉರುಳಿದ. ಎರಡು ವಿಷಲ್ ಆಯಿತು. ಮದ್ದು ಸಿಡಿಯಿತು. ಹಲಸಿನ ಹಣ್ಣಿನಷ್ಟು ದಪ್ಪದ ಕಲ್ಲೊಂದು ಬಂದು, ಆ ಹುಡುಗ ಗೋಲು ಹೊಡೆದು ಕುಣಿಯಬೇಕಾಗಿದ್ದ ಜಾಗದಲ್ಲೇ ಬಿತ್ತು.

ಇಷ್ಟು ಹೊತ್ತು ನಾನೆಲ್ಲಿದ್ದೆ ಎಂದು ನೀವು ಕೇಳಬಹುದು. ವೇದಿಕೆಯ ಕೆಳಗಿದ್ದೆ. ಮೈಕು ಮಾತ್ರ ಕೈಯಲ್ಲೇ ಇತ್ತು. ಹೆದರಿಕೆಯಲ್ಲೂ ಬಾಯಿ ನಿಲ್ಲಲಿಲ್ಲ. ಹಲಗೆಗಳ ಸಂದಿಯಿಂದ ಕಂಡಷ್ಟನ್ನು ನಾಲ್ಕೂ ದಿಕ್ಕಿಗೆ ಕೇಳುವಂತೆ ಹೇಳಿದ್ದೆ: "ಗಂಗುಲಪ್ಪ ಗೋಲು ಬಿಟ್ಟು ಓಡ್ತಿದ್ದಾನೆ, ಗಂಗುಲಪ್ಪ ಗೋಲು ಬಿಟ್ಟ."

ಗಂಟೆ ಬಾರಿಸದೆ ಆಟ ನಿಂತಂತಲ್ಲ ಎಂದು ಮೇಜಿನ ಕೆಳಗಿನಿಂದ ಎದ್ದ ರೆಫರಿ ಗೋಲು ಕೊಟ್ಟರು. ಕಪ್ಪು ಕುಡುಮಲಕುಂಟೆಗೆ ಹೋಯಿತು. ಜನ ಸೇರಿದ್ದ ಕಡೆ ಮದ್ದು ಸಿಡಿಯಿತೆಂದು ಹೊರಗೆ ತಿಳಿದರೆ ಗಣಿಗೇ ಬೀಗ ಬೀಳುತ್ತಿತ್ತು. ಅದಕ್ಕೆ ಮಾಲೀಕರು ನನ್ನನ್ನು ಕರೆದು, ಸೋಲಿಗೆ ಮದ್ದನ್ನು ಬಿಟ್ಟು ಬೇರೆ ಕಾರಣ ಬರೆಯಲು ಹೇಳಿದರು. ಜೇಬಿನಲ್ಲಿ ಆ ಚೀಟಿ ಇನ್ನೂ ಇತ್ತು. ನಾನು ದುಂಡನೆಯ ಅಕ್ಷರದಲ್ಲಿ, ಗೋಲ್‌ಕೀಪರ್ ಹೆದರಿ ಸ್ಥಳ ಬಿಟ್ಟದ್ದೇ ಸೋಲಿಗೆ ಕಾರಣವೆಂದು ಬರೆದು ಬೋರ್ಡಿಗೆ ಅಂಟಿಸಿದೆ. ಚೀಟಿಯನ್ನು ಹೋಟೆಲಿನ ಒಲೆಗೆ ಹಾಕಿದೆ. ನಾಚಿಕೆಯಾಗಲಿಲ್ಲವೇ ಎಂದರೆ, ಆಯಿತು. ಆದರೆ ಹೆದರಿಕೆ ಅದಕ್ಕಿಂತ ದೊಡ್ಡದಾಗಿತ್ತು.

'ಗೋಲು ಬಿಟ್ಟ ಗಂಗುಲಪ್ಪ' ಎಂಬುದು ಊರು ದಾಟಿ, ತಾಲ್ಲೂಕು ದಾಟಿ ಹೋಯಿತು. ಬಸ್ಸು ತಪ್ಪಿಸಿಕೊಂಡವನು, ಮದುವೆ ಮನೆಯಲ್ಲಿ ಊಟದ ಪಂಕ್ತಿ ತಪ್ಪಿಸಿಕೊಂಡವನು, ಎಲ್ಲರೂ ಗೋಲು ಬಿಟ್ಟ ಗಂಗುಲಪ್ಪಗಳೇ. ಕ್ಲಬ್ಬು ಮುಚ್ಚಿತು, ಮುಂದೆ ಗಣಿಯೂ ಮುಚ್ಚಿತು, ಮಾತು ಉಳಿಯಿತು.

ಇದೆಲ್ಲ ಮತ್ತೆ ಎದ್ದದ್ದು ಹೋದ ವರ್ಷ. ಗಣಿಯ ಗುಂಡಿಯಲ್ಲಿ ಈಗ ನೀರು ನಿಂತಿದೆ, ಮದುವೆಗೆ ಮುಂಚಿನ ಜೋಡಿಗಳು ಅಲ್ಲಿ ಫೋಟೋ ತೆಗೆಸಿಕೊಳ್ಳುತ್ತವೆ. ಮಾಲೀಕರ ಮಗ ಯುವ ಮುಖಂಡರಾಗಿದ್ದಾರೆ. ಚುನಾವಣೆ ಹತ್ತಿರ ಬಂದಾಗ ಯುವ ಮುಖಂಡರಿಗೆ ಇತಿಹಾಸ ಬೇಕಾಗುತ್ತದೆ. ಕ್ಲಬ್ಬಿನ ಉತ್ಸವ ಮಾಡುವುದೆಂದಾಯಿತು. ಬೆಳ್ಳಿಹಬ್ಬವೋ ಚಿನ್ನದ ಹಬ್ಬವೋ ಎಂದು ಎರಡು ಸಭೆ ನಡೆಯಿತು, ಏಕೆಂದರೆ ಕ್ಲಬ್ಬು ಶುರುವಾದ ವರ್ಷ ಯಾರಿಗೂ ನೆನಪಿರಲಿಲ್ಲ. ಕೊನೆಗೆ ಬರೀ 'ಮಹೋತ್ಸವ' ಎಂದು ಅಚ್ಚು ಹಾಕಿಸಿದರು. ಸ್ಮರಣ ಸಂಚಿಕೆಗೆ ಕ್ಲಬ್ಬಿನ ಇತಿಹಾಸ ಬರೆಯುವ ಹೊಣೆ ನನ್ನ ಪಾಲಿಗೆ ಬಂತು.

ಗಂಗುಲಪ್ಪನನ್ನು ನೋಡಲು ದಿಬ್ಬೂರಹಳ್ಳಿಗೆ ಹೋದೆ. ಅಲ್ಲಿ ಮಗನ ಮನೆಯಲ್ಲಿ ರೇಷ್ಮೆ ಹುಳು ಸಾಕಿಕೊಂಡಿದ್ದಾನೆ. ಹಿಪ್ಪುನೇರಳೆ ಸೊಪ್ಪು ಹಾಕುತ್ತಿದ್ದವನು ನನ್ನನ್ನು ಕಂಡು ಕೈ ಒರೆಸಿಕೊಂಡು ಬಂದ. ಹುಳುಮನೆಯಲ್ಲಿ ಹುಳುಗಳು ಎಲೆ ತಿನ್ನುವ ಸದ್ದಲ್ಲದೆ ಬೇರೆ ಸದ್ದಿಲ್ಲ. ಇತಿಹಾಸ ಬರೆಯುತ್ತಿದ್ದೇನೆಂದೆ. ಅವನು ಮೊಮ್ಮಗಳ ಸುದ್ದಿ ತೆಗೆದ. ಹೈಸ್ಕೂಲಿನಲ್ಲಿದ್ದಾಳೆ, ಶಾಲೆಯ ತಂಡಕ್ಕೆ ಗೋಲ್‌ಕೀಪರು.

"ಆಟದಾಗೆ ಒಂದು ಗೋಲು ಬಿಟ್ರೂ ಸಾಕು, ನಿಮ್ ತಾತನ್ ಥರಾನೇ ಅಂತ ಆಡ್ಕೊಂತಾರಂತೆ ರೈಟ್ರೇ" ಎಂದ. "ಮನೆಗ್ ಬಂದು ಕೇಳ್ತಾಳೆ, ತಾತಾ ನಿಜ ಓಡೋದ್ಯಾ ಅಂತ. ಓಡಿದ್ದಂತೂ ನಿಜ ಅಲ್ವಾ. ಯಾಕ್ ಓಡ್ದೆ ಅಂತ ನೀವು ಬರುದ್ರೆ ಓದ್ಕೊಂತಾಳೆ. ನಾನ್ ಹೇಳುದ್ರೆ ನಂಬಾಕಿಲ್ಲ."

ಬರೆಯುತ್ತೇನೆಂದು ಮಾತು ಕೊಟ್ಟೆ. ಚೀಟಿಯ ವಿಷಯ ಅಲ್ಲೇ ಹೇಳಿಬಿಡಬೇಕೆಂದು ಬಾಯಿ ತೆರೆದೆ, ಅಷ್ಟರಲ್ಲಿ ಕಾಫಿ ಬಂತು, ಕಾಫಿ ಕುಡಿದೆ. ಮನೆಗೆ ಬಂದು ಕಲ್ಲು ಬಿದ್ದದ್ದನ್ನೂ, ಅವನು ಆ ಹುಡುಗನನ್ನು ಉಳಿಸಿದ್ದನ್ನೂ ಎರಡು ಪುಟ ವಿವರವಾಗಿ ಬರೆದೆ. ನನ್ನ ಪಾಲನ್ನು ಮಾತ್ರ ಬಿಟ್ಟು, ಸತ್ಯವನ್ನೆಲ್ಲ ಬರೆದೆ. ಮೂರು ದಿನ ಬಹಳ ದೊಡ್ಡ ಮನುಷ್ಯನಾಗಿ ಓಡಾಡಿದೆ.

ಸಂಚಿಕೆ ಅಚ್ಚಾಗಿ ಬಂತು. ನನ್ನ ಆ ಎರಡು ಪುಟಗಳಿರಬೇಕಾಗಿದ್ದ ಜಾಗದಲ್ಲಿ ಯುವ ಮುಖಂಡರು ಚೆಂಡಿನ ಮೇಲೆ ಕಾಲಿಟ್ಟು ನಿಂತ ಫೋಟೋ ಇತ್ತು. ಅದರ ಕೆಳಗೆ ಒಂದು ಸಾಲು: ಫೈನಲ್ ಪಂದ್ಯದಲ್ಲಿ ಕೆಲವು ಅನಿವಾರ್ಯ ಕಾರಣಗಳಿಂದ ಗೋಲ್‌ಕೀಪರ್ ಸ್ಥಳದಲ್ಲಿರಲಿಲ್ಲ. ಸಂಚಿಕೆಯವರನ್ನು ವಿಚಾರಿಸಿದರೆ, ಉತ್ಸವದ ಹೊತ್ತಿನಲ್ಲಿ ಮದ್ದಿನ ಮಾತೆಲ್ಲ ಯಾಕೆ ಎಂದರು.

ಮಹೋತ್ಸವದ ದಿನ ಹಳೆಯ ಆಟಗಾರರಿಗೆಲ್ಲ ಶಾಲು ಹೊದಿಸಿ ಮೈಸೂರು ಪೇಟ ಇಟ್ಟು ಮುಂದಿನ ಸಾಲಿನಲ್ಲಿ ಕೂರಿಸಿದ್ದರು. ಹಳೆಯ ತಂಡದಲ್ಲಿ ಎಂಟು ಜನ ಉಳಿದಿದ್ದರು. ಗಂಗುಲಪ್ಪ ಕೊನೆಯ ಕುರ್ಚಿಯಲ್ಲಿ, ನಾನು ಅವನ ಪಕ್ಕ. ಕೈಯಲ್ಲಿ ಸಂಚಿಕೆ ಇತ್ತು, ಅವನು ಕೇಳಲಿಲ್ಲ, ನಾನು ಕೊಡಲಿಲ್ಲ. ಎರಡು ಹೈಸ್ಕೂಲುಗಳ ಹುಡುಗಿಯರ ತಂಡಗಳ ನಡುವೆ ಪ್ರದರ್ಶನ ಪಂದ್ಯ. ಅದೇ ಕಲ್ಲಿನ ಗೋಲಿನ ಕೆಳಗೆ ಅವನ ಮೊಮ್ಮಗಳು ಕೈಗೆ ಗ್ಲೌಸು ಹಾಕಿಕೊಂಡು ನಿಂತಿದ್ದಳು. ಗಂಟೆಯ ಸಂಗತಿ ತಿಳಿಯದ ರೆಫರಿ, ಚಿಕ್ಕ ವಯಸ್ಸಿನ ಟೀಚರು, ಉದ್ದಕ್ಕೆ ಒಂದು ವಿಷಲ್ ಊದಿದರು.

ಎಂಟು ಪೇಟಗಳು ಒಟ್ಟಿಗೆ ಎದ್ದವು. ಮಂಡಿ ನೋವು, ಸೊಂಟ ನೋವು ಯಾವುದೂ ಅಡ್ಡ ಬರಲಿಲ್ಲ. ಯುವ ಮುಖಂಡರ ಭಾಷಣಕ್ಕೆಂದು ತಂದಿದ್ದ ಹೂಗುಚ್ಛಗಳನ್ನು ತುಳಿದುಕೊಂಡು ಎಲ್ಲರೂ ವೇದಿಕೆಯ ಮರೆಗೆ ನುಗ್ಗಿದರು. ನಾನೂ ಎದ್ದೆ, ಪಂಚೆ ತೊಡರಿ ಮುಗ್ಗರಿಸಿದೆ. ಆಗ ಒಂದು ಕೈ ನನ್ನ ರಟ್ಟೆ ಹಿಡಿದು ಎಳೆದುಕೊಂಡು ಹೋಗಿ ನೀರಿನ ಟ್ಯಾಂಕರಿನ ಹಿಂದೆ ಕೂರಿಸಿತು. ಆ ಕೈಯ ಹಿಡಿತ ಇನ್ನೂ ಹಾಗೆಯೇ ಇತ್ತು.

ಆಚೆ ಜನ ನಗುತ್ತಿದ್ದರು. ಉಳಿದವರೆಲ್ಲ ಪೇಟ ಸರಿಮಾಡಿಕೊಂಡು ಹಲ್ಲು ಕಿರಿಯುತ್ತ ಕುರ್ಚಿಗಳಿಗೆ ಮರಳಿದರು. ಗಂಗುಲಪ್ಪ ಏಳಲಿಲ್ಲ. ನಾನೂ ಏಳಲಿಲ್ಲ. ಅವನ ಕೈ ನನ್ನ ರಟ್ಟೆಯ ಮೇಲೆ ಇರುವಾಗಲೇ ಹೇಳಿದೆ. ಅವತ್ತು ಚೀಟಿ ನನ್ನ ಜೇಬಿನಲ್ಲಿತ್ತು ಗಂಗುಲಪ್ಪ, ನಾನು ಕೊಡಲು ಮರೆತಿದ್ದೆ ಎಂದೆ.

"ಗೊತ್ತು" ಎಂದ.

ಹೇಗೆ ಗೊತ್ತೆಂದು ಕೇಳಿದೆ.

"ಮೇಸ್ತ್ರಿ ನನ್ ಬಾಮೈದ ಅಲ್ವಾ ರೈಟ್ರೇ. ಚೀಟಿ ಬರ್ಲಿಲ್ಲ ಅಂತ ಅವತ್ತೇ ಹೇಳ್ದ. ಸುಮ್ನಿರು ಅಂದೆ. ನಿಮ್ ಮನೇಲಿ ಹಸುಗೂಸು. ನಿಮ್ ಕೆಲ್ಸ ಹೋಗಿದ್ರೆ ಏನ್ ಮಾಡ್ತಿದ್ರಿ? ನನ್ ಕೆಲ್ಸ ಯಾರ್ ಕಿತ್ಕೊಂತಾರೆ, ಬಂಡೆ ಇರೋ ಕಡೆ ಎಲ್ಲಾದ್ರೂ ಸಿಗ್ತದೆ."

ಇಷ್ಟು ವರ್ಷ ಇದನ್ನು ಹೊತ್ತುಕೊಂಡಿದ್ದೆಯಾ ಎಂದು ಕೇಳಬೇಕೆನಿಸಿತು. ಕೇಳುವ ಯೋಗ್ಯತೆ ನನಗಿರಲಿಲ್ಲ. ಕಣ್ಣು ಒರೆಸಿಕೊಂಡೆ.

"ಪೋನೀಲೆಂಡಿ, ಹೋಗ್ಲಿ ಬಿಡಿ" ಎಂದ. "ಪುಸ್ತಕ ನಮ್ ಮಗೀನೇ ಮೊದಲು ನೋಡಿದ್ದು. ಅದ್ರಲ್ಲಿ ಏನೂ ಇಲ್ಲ ತಾತಾ ಅಂದ್ಳು. ಬರೆಯೋದ್ ಬ್ಯಾಡ ರೈಟ್ರೇ. ಅವತ್ತು ನೀವು ಹೇಳಿದ್ದು ಮೈಕ್‌ನಾಗೆ. ಮೈಕ್‌ನಾಗೇ ಒಂದ್ ಮಾತು ಹೇಳ್ಬಿಡಿ."

ವೇದಿಕೆ ಹತ್ತಿದೆ. ಹಿರಿಯರ ಹಿತವಚನವೆಂದು ತಿಳಿದು ಮೈಕು ಕೊಟ್ಟರು. ಒಳ್ಳೆಯ ಪದಗಳು ಒಂದೂ ನೆನಪಿಗೆ ಬರಲಿಲ್ಲ. "ಫೈನಲ್ ದಿನ ಮದ್ದು ನಿಲ್ಲಿಸೋ ಚೀಟಿ ಕೊಡಬೇಕಾಗಿದ್ದವನು ನಾನು. ಕೊಡಲಿಲ್ಲ" ಎಂದೆ. "ಗಂಗುಲಪ್ಪನವರು ಹೆದರಿ ಓಡಲಿಲ್ಲ. ಎದುರು ತಂಡದ ಹುಡುಗನ ಪ್ರಾಣ ಉಳಿಸೋಕೆ ಗೋಲು ಬಿಟ್ಟರು. ವೇದಿಕೆ ಕೆಳಗೆ ಅಡಗಿಕೊಂಡು ಸುಳ್ಳು ಹೇಳಿದವನು ನಾನು, ಅದನ್ನ ಬರೆದವನೂ ನಾನೇ." ಅಷ್ಟರಲ್ಲಿ ಯಾರೋ ಮೈಕಿನ ವೈರು ಕಿತ್ತರು. ಜನರಲ್ಲಿ ಅರ್ಧದಷ್ಟು ಅದಾಗಲೇ ಊಟದ ಸಾಲಿಗೆ ಹೋಗಿ ನಿಂತಿದ್ದರು. ಆದರೆ ಕಲ್ಲಿನ ಗೋಲಿನ ಕೆಳಗಿದ್ದ ಹುಡುಗಿ ಕೇಳಿಸಿಕೊಂಡಿದ್ದಳು. ಗ್ಲೌಸು ಬಿಚ್ಚಿ ಕೈಯಲ್ಲಿ ಹಿಡಿದು ತಾತನಿಗಾಗಿ ಸುತ್ತಲೂ ನೋಡುತ್ತಿದ್ದಳು.

ಗಂಗುಲಪ್ಪ ಕಾಣಲಿಲ್ಲ. ಅವನು ಇನ್ನೂ ಟ್ಯಾಂಕರಿನ ಹಿಂದೆಯೇ ಕೂತಿದ್ದಾನೆಂದು ನನಗೆ ಗೊತ್ತಿತ್ತು. ನಾನು ಮೈದಾನಕ್ಕೆ ಇಳಿದು ಆ ಟೀಚರಮ್ಮನ ಹತ್ತಿರ ವಿಷಲ್ ಕೇಳಿ ಪಡೆದೆ. ಜೀವಮಾನದಲ್ಲಿ ಒಮ್ಮೆಯೂ ಊದಿದವನಲ್ಲ, ಮೊದಲು ಬರೀ ಗಾಳಿ ಬಂತು. ಆಮೇಲೆ ಊದಿದೆ. ಒಂದು, ಎರಡು, ಮೂರು.

ಗಂಗುಲಪ್ಪ ಹೊರಗೆ ಬಂದ.